ಮುಟ್ಟದ ನೀರು, ಮುಟ್ಟಗೊಡದ ನೀರು

ಸ್ವಲ್ಪ ಉದ್ದ ಆಗುತ್ತೆ, ಪುರುಸೊತ್ತು ಮಾಡ್ಕೊಂಡು ಓದಿ.

“ದಯವಿಟ್ಟು ಈ ನೀರನ್ನು ಮುಟ್ಟಬೇಡಿ” ಅಂತ ನನ್ನ ಐವತ್ತೆರಡನೇ ವಯಸ್ಸಿನಲ್ಲಿ ಒಬ್ಬಳು ಹುಡುಗಿ ನನಗೆ ಹೇಳಿದಳು. ನಾನು ಮುಟ್ಟಲಿಲ್ಲ. ನೀರಿನ ಹಕ್ಕಿಗಾಗಿ ಮೂವತ್ತು ವರ್ಷ ಬೀದಿಯಲ್ಲಿ ಕೂಗಿದವಳು ನಾನು. ಅಲ್ಲಿ ಯಾಕೆ ಕೈ ಹಿಂದಕ್ಕೆ ತಗೊಂಡೆ ಅನ್ನೋದನ್ನ ನಮ್ಮವರ ಮುಂದೆ ಹೇಳಬೇಕು ಅನ್ನಿಸ್ತು.

ಹೋದ ಡಿಸೆಂಬರಿನಲ್ಲಿ ನ್ಯೂಜಿಲೆಂಡಿಗೆ ಹೋಗಿದ್ದೆ. ತಂಗಿ ಮಗಳು ಅಲ್ಲಿ ನರ್ಸ್. ನಮ್ಮ ಹಟ್ಟಿಯಿಂದ ವಿಮಾನ ಹತ್ತಿದ ಮೊದಲನೇ ಹುಡುಗಿ. “ದೊಡ್ಡವ್ವ, ನಿಂಗೆ ಬೆಂಕಿ ಬೆಟ್ಟ ತೋರಿಸ್ತೀನಿ ಬಾ” ಅಂತ ರಜೆ ಹಾಕಿ, ಗೈಡ್ ಜೊತೆ ಹೋಗೋ ಒಂದು ದಿನದ ನಡಿಗೆಗೆ ಇಬ್ಬರ ಹೆಸರೂ ಬರೆಸಿಬಿಟ್ಟಿದ್ದಳು. ಉತ್ತರ ದ್ವೀಪದ ನಟ್ಟನಡುವೆ ಟೊಂಗರೀರೊ ರಾಷ್ಟ್ರೀಯ ಉದ್ಯಾನ ಇದೆ. ಮಂಗಟೆಪೋಪೊ ಕಣಿವೆಯಿಂದ ಹತ್ತಿ, ಜ್ವಾಲಾಮುಖಿಗಳ ಬಾಯಿಗಳನ್ನು ದಾಟಿ, ಕೆಟೆಟಾಹಿ ಕಡೆ ಇಳಿಯೋ ದಾರಿ. ಸುಮಾರು 20 ಕಿಲೋಮೀಟರ್, ಏಳೆಂಟು ಗಂಟೆ. ಕಾಲ್ನಡಿಗೆ ಜಾಥಾ ಮಾಡಿ ಮಾಡಿ ನನ್ನ ಕಾಲು ಗಟ್ಟಿ, ಆ ಭಯ ಇರಲಿಲ್ಲ.

ಬೆಳಗಿನ ಜಾವದ ವ್ಯಾನಿನಲ್ಲಿ ಬೆಂಗಳೂರಿನ ಗಂಡ ಹೆಂಡತಿ ಇದ್ದರು. “ಓ, ಕನ್ನಡದವರಾ!” ಅಂತ ಖುಷಿಪಟ್ಟರು. ಐದು ನಿಮಿಷಕ್ಕೆ “ಯಾವ ಕಡೆಯವರು ಮೇಡಂ?” ಹತ್ತು ನಿಮಿಷಕ್ಕೆ “ಅಂದ್ರೆ... ನಿಮ್ಮದು ವೆಜ್ಜಾ?” ಈ ಪ್ರಶ್ನೆಯ ಹೊಟ್ಟೆಯೊಳಗಿನ ಪ್ರಶ್ನೆ ಏನು ಅಂತ ನಿಮಗೆ ಬಿಡಿಸಿ ಹೇಳಬೇಕಾಗಿಲ್ಲ. “ಬುತ್ತೀಲಿ ಚಪಾತಿ, ಹುರಿದ ಕೋಳಿ ಇದೆ. ತಿಂತೀರಾ ಸರ್?” ಅಂದೆ. ಆಮೇಲೆ ಅವರು ಕಿಟಕಿಯಾಚೆ ನೋಡ್ತಾ ಕೂತರು.

ನಮ್ಮ ಗೈಡ್ ಮಾವೊರಿ ಹುಡುಗಿ, ಮೂವತ್ತು ವರ್ಷ ಇರಬಹುದು. ಹತ್ತೋ ಮೊದಲು ತನ್ನ ಭಾಷೆಯಲ್ಲಿ ಒಂದು ಪುಟ್ಟ ಪ್ರಾರ್ಥನೆ ಹೇಳಿದಳು, ಅದಕ್ಕೆ ಕರಕಿಯಾ ಅಂತಾರೆ. ನಡೀತಾ ನಡೀತಾ ಬೆಟ್ಟದ ಕತೆ ಹೇಳಿದಳು. ಅವರ ಮೂಲಪುರುಷರಲ್ಲಿ ಒಬ್ಬ ನಾಟೊರೊಇರಂಗಿ ಈ ಬೆಟ್ಟ ಹತ್ತಿದಾಗ ಚಳಿಗೆ ಸಾಯೋ ಹಾಗಾದನಂತೆ. ಸಮುದ್ರದಾಚೆಯ ಹವೈಕಿಯಲ್ಲಿದ್ದ ಅಕ್ಕತಂಗಿಯರನ್ನು ಕೂಗಿ ಬೆಂಕಿ ಕಳಿಸಿ ಅಂದನಂತೆ. ಆ ಬೆಂಕಿ ನೆಲದಡಿಯಲ್ಲೇ ಬಂತು. ಫಕಾರಿ ದ್ವೀಪದಲ್ಲಿ ತಲೆ ಎತ್ತಿ, ರೊಟೊರುವಾದಲ್ಲಿ ಎತ್ತಿ, ಟೌಪೊ ದಾಟಿ ಇಲ್ಲಿಗೆ ಮುಟ್ಟಿತು.

ಭೂವಿಜ್ಞಾನಿಗಳು ಹೇಳೋದು ಇದು: ಪೆಸಿಫಿಕ್ ಭೂಫಲಕ ಆಸ್ಟ್ರೇಲಿಯಾದ ಭೂಫಲಕದ ಅಡಿಗೆ ನುಗ್ಗುತ್ತಿದೆ. ಅದರಿಂದಾಗಿ ಆಳದಲ್ಲಿ ಕಲ್ಲು ಕರಗಿ ಮೇಲೇರುತ್ತೆ. ಬಿರುಕುಗಳಲ್ಲಿ ಇಳಿದ ಮಳೆನೀರು ಕಾದು ಹಬೆಯಾಗಿ, ಬುಗ್ಗೆಯಾಗಿ ವಾಪಸ್ ಬರುತ್ತೆ. ಆ ಟೌಪೊ ಜ್ವಾಲಾಮುಖಿ ವಲಯ ಹಬ್ಬಿರೋದು ಸರಿಸುಮಾರು ಆ ಕತೆಯ ಬೆಂಕಿ ಬಂದ ದಾರಿಯಲ್ಲೇ. ಅಕ್ಷರ ಇಲ್ಲದವರಿಗೆ ಜ್ಞಾನ ಇಲ್ಲ ಅಂತ ಇವತ್ತಿಗೂ ನಮಗೆ ಪಾಠ ಮಾಡೋರಿದ್ದಾರಲ್ಲ, ಅವರನ್ನೆಲ್ಲ ಒಂದ್ಸಲ ಈ ದಾರೀಲಿ ನಡೆಸಬೇಕು ಅನ್ನಿಸ್ತು.

ಬಲಗಡೆ 2287 ಮೀಟರ್ ಎತ್ತರದ ನೌರುಹೊಯೆ, ರಾಗಿ ರಾಶಿ ಸುರಿದ ಹಾಗೆ ನಿಂತಿತ್ತು. ಕೊನೇ ಸಲ ಉಕ್ಕಿದ್ದು 1975ರಲ್ಲಿ. ಅದರ ತುದಿ ಹತ್ತಬೇಡಿ ಅಂತ ಅಲ್ಲಿನ ಜನ ಕೇಳಿಕೊಳ್ತಾರೆ, ಉದ್ಯಾನದ ಇಲಾಖೆಯೂ ಕೇಳುತ್ತೆ. ನಾವು ದಾರಿ ಬಿಡದೆ 1886 ಮೀಟರಿನ ಕೆಂಪು ಕುಳಿಯ ಅಂಚಿಗೆ ಬಂದೆವು. ಕಲ್ಲಿನ ಕಬ್ಬಿಣದಂಶ ಸುಟ್ಟು ಕೆಂಪಾಗಿದೆ. ಸಂದಿಗೊಂದಿಯಲ್ಲಿ ಹಬೆ. ಕೂತರೆ ನೆಲ ಬೆಚ್ಚಗೆ, ಆಗತಾನೆ ಬೂದಿ ಬಳಿದ ಒಲೆಯ ಹಾಗೆ. ಗಂಧಕದ ವಾಸನೆ, ಕೊಳೆತ ಮೊಟ್ಟೆಯ ವಾಸನೆ. ಎಲ್ಲರೂ ಮೂಗು ಮುಚ್ಕೊಂಡು ನಗ್ತಾ ಫೋಟೋ ತೆಗೆಸಿಕೊಂಡರು.

ನನಗೆ ತಾತನ ನೆನಪಾಯ್ತು. ಸುಣ್ಣದ ಗುಂಡಿ, ತಂಗಡಿ ಚಕ್ಕೆ, ತೊಟ್ಟಿಯಲ್ಲಿ ನೆನೆಯೋ ಚರ್ಮ. ನಮ್ಮ ಹಟ್ಟಿ ಹತ್ತಿರ ಬಂದರೆ ಊರಿನವರು ಮೂಗಿಗೆ ಪಂಚೆ ಹಿಡೀತಿದ್ರು. ಆ ಚರ್ಮದ ಮಿಣಿ, ಆ ಮೆಟ್ಟು ಮಾತ್ರ ಅವರಿಗೆ ಬೇಕಾಗಿತ್ತು. ನಾತ ಬೆಟ್ಟದಿಂದ ಬಂದರೆ ದುಡ್ಡು ಕೊಟ್ಟು ನೋಡೋಕೆ ಬರ್ತಾರೆ. ದುಡಿಯೋ ಜನರ ಕೈಯಿಂದ ಬಂದರೆ ಅವರನ್ನೇ ಊರಾಚೆ ಇಡ್ತಾರೆ.

ಅಂಚಿನಿಂದ ಜಾರೋ ಮರಳಲ್ಲಿ ಇಳಿದರೆ ಮೂರು ಪಚ್ಚೆ ಕೆರೆಗಳು. ಸುತ್ತಲ ಬಿಸಿ ನೆಲದಿಂದ ತೊಳೆದು ಬಂದ ಖನಿಜಗಳಿಂದ ಅವಕ್ಕೆ ಆ ಬಣ್ಣ. ಅದರಾಚೆ ಬಯಲು ದಾಟಿದರೆ ನೀಲಿ ಕೆರೆ. ಅಲ್ಲಿ ಗೈಡ್ ನಿಂತಳು. ಈ ಕೆರೆ “ತಪು” ಅಂದಳು. ನನ್ನ ಕಿವಿಗೆ “ತಪ್ಪು” ಅಂತಲೇ ಬಿತ್ತು! ಇಂಗ್ಲಿಷಿನ ಟ್ಯಾಬೂ ಅನ್ನೋ ಪದ ಇದರ ನೆಂಟ. ನೀರು ಮುಟ್ಟಬಾರದು, ದಡದಲ್ಲಿ ಕೂತು ಉಣ್ಣಲೂಬಾರದು. ಊಟ ಅನ್ನೋದು ಸಾಮಾನ್ಯ ಬದುಕಿಗೆ ಸೇರಿದ್ದು, ತಪು ಇರೋ ಜಾಗಕ್ಕೆ ಅದನ್ನ ಬೆರೆಸಬಾರದು ಅಂದಳು.

ಬೆಂಗಳೂರಿನ ಯಜಮಾನರ ಮುಖ ಅರಳಿತು. “ನೋಡಿದ್ರಾ ಮೇಡಂ? ಇದೇ ನಮ್ಮ ಮಡಿ. ಇವರು ಮಾಡಿದ್ರೆ ಸಂಸ್ಕೃತಿ, ಯುನೆಸ್ಕೋ ಬಂದು ಪಟ್ಟ ಕಟ್ಟುತ್ತೆ. ನಾವು ಮಾಡಿದ್ರೆ ಅಸ್ಪೃಶ್ಯತೆ ಅಂತ ಬಯ್ತೀರಿ.”

ಈ ಮಾತನ್ನ ತಳ್ಳಿಹಾಕೋದು ಸುಲಭ ಅಲ್ಲ. ನೀರು, ಊಟ, ಮುಟ್ಟೋದು, ದೂರ ನಿಲ್ಲೋದು: ಮೇಲ್ನೋಟಕ್ಕೆ ಅದೇ ಸಾಮಾನು. ಎಂಟು ವರ್ಷದವಳಿದ್ದಾಗ ಅವ್ವನ ಜೊತೆ ಬಾವಿಕಟ್ಟೆಯಿಂದ ದೂರ ಬಿಂದಿಗೆ ಇಟ್ಕೊಂಡು ನಿಂತವಳು ನಾನು. ಯಾರಾದ್ರೂ ಸೇದಿ ಮೇಲಿಂದ ಹುಯ್ಯೋತನಕ ಕಾಯಬೇಕು. ಪಕ್ಕದಲ್ಲೇ ಎಮ್ಮೆ ಬಂದು ಬಾನಿಗೆ ಬಾಯಿ ಹಾಕಿ ಕುಡಿದು ಹೋಗ್ತಿತ್ತು. ಹಾಗಾಗಿ “ಮುಟ್ಟಬೇಡಿ” ಅಂದ ತಕ್ಷಣ ನನ್ನ ಮೈ ಉರಿದದ್ದು ನಿಜ. ತಂಗಿ ಮಗಳು ನನ್ನ ಕೈ ಹಿಡಕೊಂಡಳು. ನಾನು ಗೈಡ್‌ನ ನೇರ ಕೇಳಿದೆ.

“ಈ ನೀರನ್ನ ಯಾರು ಮುಟ್ಟಬಹುದು?”

“ಯಾರೂ ಇಲ್ಲ. ನಾನೂ ಮುಟ್ಟಲ್ಲ.”

“ಗೊತ್ತಿಲ್ಲದೆ ಯಾರಾದ್ರೂ ಮುಟ್ಟಿದ್ರೆ? ಅವರು ಮೈಲಿಗೆ ಆಗ್ತಾರಾ?”

ಅವಳಿಗೆ ಪ್ರಶ್ನೆಯೇ ಅರ್ಥ ಆಗಲಿಲ್ಲ. ಮಗಳು ಬಿಡಿಸಿ ಹೇಳಿದಳು. “ನನಗೆ ಬೇಜಾರಾಗುತ್ತೆ. ಮುಂದಿನವರಿಗೆ ಇನ್ನೂ ಚೆನ್ನಾಗಿ ತಿಳಿಸಿ ಹೇಳ್ತೀನಿ” ಅಂದಳು.

“ನಿಮ್ಮಲ್ಲಿ ಮೇಲು ಕೀಳು ಇರ್ಲಿಲ್ವಾ?”

ಸ್ವಲ್ಪ ಹೊತ್ತು ಸುಮ್ಮನಿದ್ದು, “ಇತ್ತು” ಅಂದಳು. ಹಿಂದೆ ಯುದ್ಧದಲ್ಲಿ ಸೆರೆ ಸಿಕ್ಕವರನ್ನ ಆಳುಗಳನ್ನಾಗಿ ಇಟ್ಕೊಳ್ತಿದ್ರು, ಮುಖಂಡರ ತಪು ದೊಡ್ಡದು, ಸೆರೆಯಾಳಿಗೆ ಅದು ಇರಲೇ ಇಲ್ಲ ಅಂದಳು. ಮುಚ್ಚಿಡಲಿಲ್ಲ. ಅದಕ್ಕೇ ಅವಳ ಉಳಿದ ಮಾತನ್ನೂ ನಂಬಿದೆ.

ಆಮೇಲೆ ಯಜಮಾನರ ಕಡೆ ತಿರುಗಿದೆ. “ಸರ್, ಇಲ್ಲಿ ದೊಡ್ಡದು ಅಂತ ಹೇಳ್ತಿರೋದು ನೀರನ್ನ, ಅದಕ್ಕೆ ಹೇಳಿದವಳೂ ಸೇರಿ ಎಲ್ಲರೂ ಹಿಂದೆ ನಿಲ್ತಾರೆ. ನಿಮ್ಮ ಮಡಿಯಲ್ಲಿ ನೀರು ನಿಮ್ಮದು, ಹೊಲಸು ನಾವು. 1927ರ ಮಾರ್ಚ್ 20ಕ್ಕೆ ಬಾಬಾಸಾಹೇಬರು ಮಹಾಡದ ಚೌದಾರ್ ಕೆರೆಯಲ್ಲಿ ಒಂದು ಬೊಗಸೆ ನೀರು ಕುಡಿದರು. ದನ ಕುಡಿದಾಗ ಕೆಡದ ಕೆರೆ ಆವತ್ತು ಕೆಟ್ಟಿತು. 108 ಕೊಡ ಹಾಲು, ಮೊಸರು, ಸಗಣಿ, ಗಂಜಲ ಸುರಿದು ಶುದ್ಧಿ ಮಾಡಿದರು. ಇಲ್ಲಿ ಯಾರನ್ನ ನೋಡಿ ಈ ಕೆರೆಗೆ ಸಗಣಿ ಸುರೀತಾರೆ, ತೋರಿಸಿ.”

“ಅದು ಹಳೇ ಸಂಪ್ರದಾಯ” ಅಂದರು. ಆ ಮಾತನ್ನೂ ಕೋರ್ಟು ಕೇಳಿಸಿಕೊಂಡಿದೆ. ದಲಿತರನ್ನು ಕೆರೆಯಿಂದ ದೂರ ಇಡೋದು ಅನಾದಿ ಕಾಲದ ರೂಢಿ ಅಂತ ಮಹಾಡದವರು ಹತ್ತು ವರ್ಷ ಮೊಕದ್ದಮೆ ನಡೆಸಿದರು. 1937ರ ಮಾರ್ಚ್ 17ಕ್ಕೆ ಬಾಂಬೆ ಹೈಕೋರ್ಟು ಅದನ್ನ ಒಪ್ಪಲಿಲ್ಲ. ಆಮೇಲೆ ಸಂವಿಧಾನದ 15ನೇ ವಿಧಿಯಲ್ಲಿ ಬಾವಿ, ಕೆರೆ, ಸ್ನಾನಘಟ್ಟ ಅಂತ ಹೆಸರು ಹಿಡಿದೇ ಬರೆದರು. 17ನೇ ವಿಧಿ ಅಸ್ಪೃಶ್ಯತೆಯನ್ನೇ ತೆಗೆದುಹಾಕಿತು. ಕೆರೆ ಹೆಸರು ಸಂವಿಧಾನದೊಳಕ್ಕೆ ಯಾಕೆ ಬಂತು ಅನ್ನೋದು ಬಿಂದಿಗೆ ಹಿಡಿದು ಕಾದವರಿಗೆ ಗೊತ್ತು.

ಇಳಿಯೋ ದಾರಿಯಲ್ಲಿ ಇನ್ನೊಂದು ವಿಷಯ ತಿಳೀತು. ಈ ಶಿಖರಗಳು ತುಫರೆಟೋವಾ ಬುಡಕಟ್ಟಿನವು. ವಸಾಹತು ಸರ್ಕಾರದ ಭೂ ನ್ಯಾಯಾಲಯ ಮಾವೊರಿ ನೆಲವನ್ನು ತುಂಡು ತುಂಡು ಮಾಡ್ತಿದ್ದ ಕಾಲ. ಬೆಟ್ಟಗಳೂ ಹೋಳಾಗಿ ಮಾರಾಟವಾಗ್ತವೆ ಅನ್ನೋ ಆತಂಕದಲ್ಲಿ ಮುಖಂಡ ಹೊರೊನುಕು ತೆ ಹೆವುಹೆವು 1887ರ ಸೆಪ್ಟೆಂಬರ್ 23ಕ್ಕೆ ಅವನ್ನ ಬ್ರಿಟಿಷ್ ರಾಣಿಯ ಸರ್ಕಾರಕ್ಕೆ ಒಪ್ಪಿಸಿದ. ಸರ್ಕಾರ ಅದನ್ನ “ದಾನ” ಅಂತ ಬರ್ಕೊಂಡಿತು. 2013ರಲ್ಲಿ ವೈತಾಂಗಿ ಟ್ರಿಬ್ಯೂನಲ್ ತನ್ನ ವರದಿಯಲ್ಲಿ, ಅದು ಕೈತೊಳೆದುಕೊಂಡು ಕೊಟ್ಟದ್ದಲ್ಲ, ಜೊತೆಯಾಗಿ ಕಾಯೋಣ ಅನ್ನೋ ಆಹ್ವಾನ, ಸರ್ಕಾರ ಅದನ್ನ ಉಳಿಸಿಕೊಳ್ಳಲಿಲ್ಲ ಅಂತ ಹೇಳಿತು. ಯುನೆಸ್ಕೋ 1990ರಲ್ಲಿ ಪ್ರಕೃತಿಗಾಗಿ ಪಟ್ಟಿಗೆ ಸೇರಿಸಿದ ಬೆಟ್ಟವನ್ನ, ಅಲ್ಲಿನ ಜನರ ಸಂಬಂಧಕ್ಕಾಗಿ ಮತ್ತೆ ಗುರುತಿಸಿದ್ದು 1993ರಲ್ಲಿ.

ಎಡಗಡೆ ಇಳಿಜಾರಿನಲ್ಲಿ ಕೆಟೆಟಾಹಿ ಬಿಸಿನೀರಿನ ಬುಗ್ಗೆಗಳ ಹಬೆ ಏಳ್ತಿತ್ತು. ಅದು ಆ ದಾನಪತ್ರಕ್ಕೆ ಸೇರದೆ ಮಾವೊರಿಗಳ ಕೈಯಲ್ಲೇ ಉಳಿದ ನೆಲ. ನಮಗೆ ಪ್ರವೇಶ ಇಲ್ಲ. ದಾರಿ ಪಕ್ಕದ ಹಳೇ ತಂಗುಮನೆಗೆ 2012ರ ಆಗಸ್ಟ್ 6ರ ರಾತ್ರಿ ಬೆಟ್ಟ ಸಿಡಿದಾಗ ಕಲ್ಲು ಬಿದ್ದಿತ್ತು. ಚಳಿಗಾಲದ ಆ ರಾತ್ರಿ ಯಾರ ಜೀವವೂ ಹೋಗಲಿಲ್ಲ.

ಆ ಹಬೆ ನೋಡ್ತಾ ನನಗೆ ಅನ್ನಿಸಿದ್ದು ಇಷ್ಟು. “ಮುಟ್ಟಬೇಡಿ” ಅನ್ನೋ ಮಾತು ಮೇಲಿಂದ ಕೆಳಗೆ ಬರ್ತಿದೆಯಾ, ಕೆಳಗಿಂದ ಮೇಲಕ್ಕೆ ಹೋಗ್ತಿದೆಯಾ, ಮೊದಲು ಅದನ್ನ ನೋಡಬೇಕು. ನೆಲ ಕಳಕೊಂಡವರು, ಕಿತ್ತುಕೊಂಡವರ ಮೊಮ್ಮಕ್ಕಳಿಗೆ “ಇದೊಂದನ್ನ ಬಿಡಿ” ಅಂತ ಕೇಳೋದು ಒಂದು. ನೆಲ, ನೀರು, ಗುಡಿ ಎಲ್ಲ ಹಿಡಕೊಂಡವರು ಬರಿಗೈಯವರಿಗೆ “ದೂರ ನಿಲ್ಲು” ಅನ್ನೋದು ಇನ್ನೊಂದು. ಒಡಿಶಾದ ನಿಯಮಗಿರಿಯಲ್ಲಿ 2013ರಲ್ಲಿ 12 ಗ್ರಾಮಸಭೆಗಳು ಗಣಿ ಕಂಪನಿಗೆ “ನಮ್ಮ ಬೆಟ್ಟ ಮುಟ್ಟಬೇಡಿ” ಅಂದವಲ್ಲ, ಆ ಡೋಂಗ್ರಿಯಾ ಕೊಂಧರ ಮಾತು ಮೊದಲನೇ ಜಾತಿಯದು. ನಮ್ಮ ಬಾವಿಕಟ್ಟೆಯದು ಎರಡನೆಯದು.

ಗೆಳೆಯರೇ, ಇದನ್ನ ಬರೆಯೋಕೆ ಕಾರಣ ಇದೆ. “ಎಲ್ಲಾ ದೇಶದಲ್ಲೂ ಇಂಥವು ಇರ್ತವೆ” ಅನ್ನೋ ವಾದ ಈಗ ಕಾಲೇಜುಗಳಲ್ಲಿ, ವಾಟ್ಸಾಪ್ ಗುಂಪುಗಳಲ್ಲಿ ಜೋರಾಗಿದೆ. ನಮ್ಮ ಹುಡುಗರು ಸಿಟ್ಟಿನಲ್ಲಿ “ಎಲ್ಲಾ ನಂಬಿಕೆಯೂ ಒಂದೇ, ಎಲ್ಲಾ ಸುಟ್ಟುಹಾಕಿ” ಅಂತಾರೆ. ಅದರಿಂದ ಗೆಲ್ಲೋದು ಎದುರಿನವರೇ. ಎಲ್ಲಾ ಒಂದೇ ಅಂತ ನಾವೂ ಒಪ್ಪಿದ ಹಾಗಾಗುತ್ತೆ. ಹಾಗೆ ಒಪ್ಪಬೇಡಿ. ನಿಂತು ಮೂರು ಪ್ರಶ್ನೆ ಕೇಳಿ. ಈ ನಿಯಮ ಹೇಳಿದವನಿಗೂ ಅನ್ವಯ ಆಗುತ್ತಾ? ಮೀರಿದವನಿಗೆ ಏನು ಮಾಡ್ತಾರೆ, ತಿಳಿಸಿ ಹೇಳ್ತಾರಾ, ಹೊಡೀತಾರಾ? ಯಾರ ಕೈಯಲ್ಲಿ ನೆಲ ಇದೆ, ಯಾರ ಕೈಯಲ್ಲಿ ಬಿಂದಿಗೆ ಮಾತ್ರ ಇದೆ?

ಈ ಮಾರ್ಚ್ 20ಕ್ಕೆ ನಿಮ್ಮ ನಿಮ್ಮ ತಾಲ್ಲೂಕಿನಲ್ಲಿ ಬರೀ ಹಾರ ಹಾಕಿ ಭಾಷಣ ಮುಗಿಸಬೇಡಿ. ಊರಿನ ಕಲ್ಯಾಣಿ, ಕೆರೆ, ಗುಡಿ ಮುಂದಿನ ನಲ್ಲಿ ಹತ್ತಿರ ಮಕ್ಕಳನ್ನ ಕರ್ಕೊಂಡು ಹೋಗಿ, ಈ ಮೂರು ಪ್ರಶ್ನೆ ಅವರ ಬಾಯಲ್ಲೇ ಕೇಳಿಸಿ. ಉತ್ತರ ಬರೆದುಕೊಂಡು ಬಂದು ಇಲ್ಲಿ ಹಾಕಿ, ಓದ್ತೀನಿ.

ಜೈ ಭೀಮ್.