ದಿಣ್ಣೆ ಮೇಲಿನ ಊರು, ಕೆಳಗೊಂದು ಹೊಳೆ

ನ್ಯೂಜೆರ್ಸಿಗೆ ಕೆಲಸಕ್ಕೆ ಬಂದ ನಮ್ಮವರಿಗೆ ಎಡಿಸನ್ ಗೊತ್ತು, ಜರ್ಸಿ ಸಿಟಿ ಗೊತ್ತು, ಬ್ರಿಡ್ಜ್‌ವಾಟರ್‌ನ ಬಾಲಾಜಿ ದೇವಸ್ಥಾನವಂತೂ ಗೊತ್ತೇ ಇದೆ. ಅಲ್ಲಿಂದ ಸ್ವಲ್ಪ ಉತ್ತರಕ್ಕೆ, ಹೈವೇ 287ರ ಮಗ್ಗುಲಲ್ಲಿರುವ ಬಾಸ್ಕಿಂಗ್ ರಿಡ್ಜ್ ಅಂದರೆ ಮಾತ್ರ "ಓ, ವೆರೈಝನ್ ಆಫೀಸ್ ಇರೋ ಊರಾ?" ಅಂತ ಕೇಳಿ ಸುಮ್ಮನಾಗುತ್ತೇವೆ. ಆಫೀಸಿಗೆ ಬಂದು ಹೋಗೋರು ಹೆಚ್ಚು, ಊರು ನೋಡಿದೋರು ಕಡಿಮೆ. ಹಾಗಾಗಿ ಈ ಸಲ ಈ ಊರು ಹೇಗೆ ಕಟ್ಟಿದ್ದು, ಯಾಕೆ ಹೀಗಿದೆ ಅಂತ ನೋಡೋಣ.

ಹೆಸರಿನಿಂದಲೇ ಶುರು ಮಾಡೋಣ. ಬಾಸ್ಕಿಂಗ್ ರಿಡ್ಜ್ ಅಂದರೆ ಬಿಸಿಲು ಕಾಯಿಸುವ ದಿಣ್ಣೆ. ಕೆಳಗಿನ ಜೌಗು ನೆಲದ ಪ್ರಾಣಿಗಳು ಮೇಲೆ ಹತ್ತಿ ಬಂದು ಇಲ್ಲಿ ಮೈ ಬೆಚ್ಚಗೆ ಮಾಡಿಕೊಳ್ಳುತ್ತಿದ್ದವಂತೆ. 1733ರ ಚರ್ಚಿನ ದಾಖಲೆಯಲ್ಲಿ ಈ ಹೆಸರಿದೆ. ಆ ಪ್ರೆಸ್ಬಿಟೇರಿಯನ್ ಚರ್ಚೇ ಊರಿನ ನಡುಮನೆ. ಈಗಿರುವ ಕೆಂಪು ಇಟ್ಟಿಗೆಯ ಕಟ್ಟಡ 1839ರದ್ದು. ಸುತ್ತ ಹಳೇ ಸ್ಮಶಾನ, ಎದುರಿಗೆ ಸಣ್ಣ ಅಂಗಡಿ ಬೀದಿ. ಅಂಗಳದಲ್ಲಿ ಸುಮಾರು 600 ವರ್ಷದ ಬಿಳಿ ಓಕ್ ಮರ ಇತ್ತು. 1740ರಲ್ಲಿ ಜಾರ್ಜ್ ವೈಟ್‌ಫೀಲ್ಡ್ ಎಂಬ ಬೋಧಕ ಆ ಮರದ ಕೆಳಗೆ ಜನ ಸೇರಿಸಿ ಮಾತಾಡಿದ್ದನಂತೆ. ಮರ ಒಣಗಿ ಹೋಗಿ, 2017ರ ಏಪ್ರಿಲ್‌ನಲ್ಲಿ ಕಡಿದರು. ಅದರದೇ ಬೀಜದಿಂದ ಬೆಳೆಸಿದ ಎಳೆ ಓಕ್ ಈಗ ಅಲ್ಲೇ ಬೇರು ಬಿಡುತ್ತಿದೆ. ನಮ್ಮ ಹಳ್ಳಿಗಳ ಅಶ್ವತ್ಥಕಟ್ಟೆ ನೆನಪಾಗದೇ ಇರದು: ಮರ, ದೇವರು, ನಾಲ್ಕು ಅಂಗಡಿ, ನಡೆದೇ ಮುಟ್ಟುವಷ್ಟು ದೂರದಲ್ಲಿ ಮನೆಗಳು.

ಈ ಹಳೇ ಬೀದಿ ದಾಟಿದ್ರೆ ಬೇರೆಯದೇ ಊರು. ನಾರ್ತ್ ಮೇಪಲ್ ಅವೆನ್ಯೂನಲ್ಲಿ 1970ರ ದಶಕದಲ್ಲಿ ಎಟಿ ಅಂಡ್ ಟಿ ಕಂಪನಿ ಮರಗಳ ನಡುವೆ ದೊಡ್ಡ ಕಚೇರಿ ಕಟ್ಟಿತು. ಪಟ್ಟಣ ಬಿಟ್ಟು ಕಾಡಿನಂಚಿಗೆ ಕಚೇರಿ ತರುವುದು ಆ ಕಾಲದ ಅಮೆರಿಕದ ರೂಢಿ. 2005ರಲ್ಲಿ ಅದನ್ನು ವೆರೈಝನ್ ಕೊಂಡುಕೊಂಡಿತು. ಇಲ್ಲೊಂದು ತಮಾಷೆಯ ಸಂಗತಿ ಇದೆ. ನ್ಯೂಯಾರ್ಕಿನ ಕಟ್ಟಡದ ತುದಿಗೆ 1916ರಲ್ಲಿ ಏರಿದ 24 ಅಡಿಯ 'ಗೋಲ್ಡನ್ ಬಾಯ್' ವಿಗ್ರಹ ಕಂಪನಿಯ ಜೊತೆ 1992ರಲ್ಲಿ ಇಲ್ಲಿಗೆ ಬಂತು. ಆಮೇಲೆ ಬೆಡ್‌ಮಿನ್‌ಸ್ಟರ್‌ಗೆ ಹೋಯಿತು, ಅಲ್ಲಿಂದ ಡಲ್ಲಾಸ್‌ಗೆ. ಪ್ರಾಜೆಕ್ಟ್ ಮುಗಿದಾಗಲೆಲ್ಲ ಮೂಟೆ ಕಟ್ಟುವವರು ನಾವಷ್ಟೇ ಅಲ್ಲ ಅಂದಂಗಾಯ್ತು.

ಇಂಥ ಊರಲ್ಲಿ ಕಾರು ಇಲ್ಲದಿದ್ರೆ ಕೈಕಾಲು ಕಟ್ಟಿದ ಹಾಗೆ. ಹೊಸ ಬಡಾವಣೆಗಳಿಂದ ಅಂಗಡಿ ದೂರ, ಎಷ್ಟೋ ರಸ್ತೆಗೆ ಫುಟ್‌ಪಾತೇ ಇಲ್ಲ. ಆರು ತಿಂಗಳಿಗೆ ಅಂತ ಬಂದ ಅಪ್ಪ ಅಮ್ಮ ಎರಡೇ ವಾರದಲ್ಲಿ "ಇಲ್ಲಿ ಮನುಷ್ಯರೇ ಕಾಣಲ್ಲಪ್ಪ" ಅನ್ನೋದು ಇದಕ್ಕೇ. ತಪ್ಪು ಅವರದ್ದಲ್ಲ, ಊರಿನ ನಕ್ಷೆಯದ್ದು.

ಆ ನಕ್ಷೆ ತಾನಾಗೇ ಆದದ್ದಲ್ಲ. ಎಲ್ಲಿ ಏನು ಕಟ್ಟಬೇಕು, ಎಷ್ಟು ಜಾಗಕ್ಕೆ ಎಷ್ಟು ಮನೆ ಅನ್ನೋದನ್ನ ಇಲ್ಲಿ ಪ್ರತಿ ಟೌನ್‌ಶಿಪ್ಪೂ ತಾನೇ ಬರೆಯುತ್ತದೆ. ಪಕ್ಕದ ಬೆಡ್‌ಮಿನ್‌ಸ್ಟರ್‌ನ ಬಹುಭಾಗದಲ್ಲಿ ಒಂದು ಮನೆಗೆ ಐದು ಎಕರೆ ಬೇಕು ಅನ್ನೋ ನಿಯಮವಿತ್ತು. ಐದು ಎಕರೆ ಕೊಳ್ಳುವವರು ಯಾರು? ಸಾಧಾರಣ ಸಂಬಳದವರು ಊರೊಳಗೆ ಕಾಲಿಡದಂತೆ ಮಾಡಲು ಬೇಲಿ ಬೇಕಾಗಿಲ್ಲ, ಇಂಥ ಒಂದು ನಿಯಮ ಸಾಕು. 1975ರಲ್ಲಿ, ಮತ್ತೆ 1983ರಲ್ಲಿ, ನ್ಯೂಜೆರ್ಸಿಯ ಸುಪ್ರೀಂ ಕೋರ್ಟ್ 'ಮೌಂಟ್ ಲಾರೆಲ್' ತೀರ್ಪುಗಳಲ್ಲಿ ಕಡಿಮೆ ಮತ್ತು ಮಧ್ಯಮ ಆದಾಯದವರಿಗೂ ಮನೆಗೆ ಅವಕಾಶ ಕೊಡಲೇಬೇಕು ಅಂತ ಹೇಳಿತು. ಇಂಥ ಕಟ್ಟಳೆಗಳ ಮೇಲೆ ನಡೆದ ವ್ಯಾಜ್ಯಗಳಿಂದಲೇ ಬೆಡ್‌ಮಿನ್‌ಸ್ಟರ್ ಮತ್ತು ಬಾಸ್ಕಿಂಗ್ ರಿಡ್ಜ್ ಗುಡ್ಡದ ಮೇಲೆ 'ದಿ ಹಿಲ್ಸ್' ಎಂಬ ದೊಡ್ಡ ಬಡಾವಣೆ ಎದ್ದಿತು. ಸಾಲು ಸಾಲು ಟೌನ್‌ಹೌಸು, ಕಾಂಡೋ. ನಮ್ಮವರು ಬಾಡಿಗೆಗೆ, ಸ್ವಂತಕ್ಕೆ ಅಂತ ಹುಡುಕುವುದು ಇಲ್ಲೇ.

ಪಾರ್ಕಿಂಗ್ ಲೆಕ್ಕವೂ ಬೇಲಿಯಾಗಬಹುದು. ಇಲ್ಲಿ ಮಸೀದಿ ಕಟ್ಟಲು ಹೊರಟವರಿಗೆ ಚರ್ಚಿನ ಲೆಕ್ಕದಲ್ಲಿ 50 ಕಾರಿನ ಜಾಗ ಸಾಕಿತ್ತು. ಬೋರ್ಡು 107 ಕೇಳಿತು. 39 ವಿಚಾರಣೆಗಳಾದ ಮೇಲೆ ಅರ್ಜಿ ತಿರಸ್ಕಾರವಾಯಿತು. ಒಬ್ಬರಿಗೊಂದು ಇನ್ನೊಬ್ಬರಿಗೊಂದು ಲೆಕ್ಕ ಸಲ್ಲದು ಅಂತ 2016ರ ಕೊನೆಗೆ ಫೆಡರಲ್ ನ್ಯಾಯಾಲಯ ಹೇಳಿತು. 2017ರಲ್ಲಿ 32.5 ಲಕ್ಷ ಡಾಲರಿಗೆ ರಾಜಿಯಾಯಿತು. ನಾಳೆ ನಾವೊಂದು ಕನ್ನಡ ಭವನವೋ ಗುಡಿಯೋ ಕಟ್ಟಲು ಹೊರಟರೂ ಇದೇ ಮೇಜಿನ ಮುಂದೆ ನಿಲ್ಲಬೇಕು. ಅದಕ್ಕೇ ಈ ಕಥೆ ತಿಳಿದಿರಬೇಕು.

ಇನ್ನು ಹೊಳೆ. ಮೆಂಡಮ್ ಕಡೆ ಹುಟ್ಟುವ ಪಸೈಕ್ ನದಿ ಊರಿನ ಪೂರ್ವದ ಅಂಚಿಗೆ ಗಡಿಯಾಗಿ ಹರಿಯುತ್ತದೆ. ಇಲ್ಲಿ ಅದು ಮಲೆನಾಡಿನ ಹಳ್ಳದಷ್ಟೇ. ಅದರ ಪಕ್ಕ ಹಬ್ಬಿರುವುದು ಗ್ರೇಟ್ ಸ್ವಾಂಪ್ ಎಂಬ ಜೌಗು ಪ್ರದೇಶ, ಹಿಮಯುಗದ ದೊಡ್ಡ ಕೆರೆಯೊಂದರ ಉಳಿಕೆ. 1959ರಲ್ಲಿ ಪೋರ್ಟ್ ಅಥಾರಿಟಿ ಇದನ್ನು ತುಂಬಿಸಿ ವಿಮಾನ ನಿಲ್ದಾಣ ಮಾಡಲು ಹೊರಟಿತ್ತು. ಸುತ್ತಲಿನ ಜನ ದುಡ್ಡು ಕೂಡಿಸಿ, ಸುಮಾರು 3,000 ಎಕರೆ ಕೊಂಡು ಕೇಂದ್ರ ಸರ್ಕಾರಕ್ಕೆ ದಾನ ಕೊಟ್ಟರು. 1960ರಲ್ಲಿ ವನ್ಯಜೀವಿ ಧಾಮವಾಯಿತು. ಇದನ್ನು ಓದುವಾಗ ಬೆಂಗಳೂರು ನೆನಪಾಗಿ ಹೊಟ್ಟೆ ಉರಿಯುತ್ತದೆ. ನಮ್ಮಲ್ಲಿ ಧರ್ಮಾಂಬುಧಿ ಕೆರೆ ಮೆಜೆಸ್ಟಿಕ್ ಬಸ್ ನಿಲ್ದಾಣವಾಯಿತು, ಸಂಪಂಗಿ ಕೆರೆ ಕಂಠೀರವ ಕ್ರೀಡಾಂಗಣವಾಯಿತು. 2022ರ ಮಳೆಗೆ ಐಟಿ ಬಡಾವಣೆಗಳಲ್ಲಿ ಟ್ರಾಕ್ಟರ್ ಹತ್ತಿ ಆಫೀಸಿಗೆ ಹೋದದ್ದು ಮರೆತಿಲ್ಲ. ಜೌಗು ನೆಲ ಮಳೆನೀರು ಹೀರಿ ನಿಧಾನವಾಗಿ ಬಿಡುತ್ತದೆ. ಅದನ್ನು ಮುಚ್ಚಿದರೆ ಆ ನೀರು ಯಾರದೋ ಮನೆಗೆ ನುಗ್ಗುತ್ತದೆ.

ಇದೇ ಹಳ್ಳ ಸುತ್ತಿ ಬಳಸಿ ಉತ್ತರಕ್ಕೆ ಹೋಗಿ ಪ್ಯಾಟರ್ಸನ್‌ನಲ್ಲಿ 77 ಅಡಿ ಧುಮುಕುತ್ತದೆ. ಆ ಬಲ ನಂಬಿ ಅಲೆಕ್ಸಾಂಡರ್ ಹ್ಯಾಮಿಲ್ಟನ್ 1790ರ ದಶಕದ ಆರಂಭದಲ್ಲಿ ಕಾರ್ಖಾನೆ ನಗರ ಕಟ್ಟಲು ಯೋಜನೆ ಹಾಕಿದ. ವಾಷಿಂಗ್ಟನ್ ನಗರದ ನಕ್ಷೆ ಬರೆದ ಲಾಂಫಾನ್‌ನನ್ನೇ ಕರೆಸಿದ. ಮುಂದೆ ಅದು ರೇಷ್ಮೆ ನಗರವಾಯಿತು, ಹೊರದೇಶದಿಂದ ಬಂದ ಕೂಲಿಗಳು ಮಗ್ಗ ನಡೆಸಿದರು, 1913ರಲ್ಲಿ ದೊಡ್ಡ ಮುಷ್ಕರ ಮಾಡಿದರು. ಘಟಪ್ರಭೆಯ ಗೋಕಾಕ ಜಲಪಾತದ ಪಕ್ಕದ ಹತ್ತಿ ಗಿರಣಿ ನೋಡಿದವರಿಗೆ ಈ ಕಥೆ ಹೊಸದಲ್ಲ. ನೀರು ಬಿದ್ದಲ್ಲಿ ಗಿರಣಿ, ಗಿರಣಿ ಇದ್ದಲ್ಲಿ ವಲಸೆ ಜನ. ಹೊಳೆಯ ಮೇಲ್ತುದಿಯಲ್ಲಿ ಈಗ ಕಂಪ್ಯೂಟರ್ ಮುಂದೆ ಕೂತ ನಾವೂ ಅದೇ ಸಾಲಿನವರು.

ಹೋಗುವವರಿಗೆ: ನ್ಯೂಜೆರ್ಸಿ ಟ್ರಾನ್ಸಿಟ್‌ನ ಗ್ಲಾಡ್‌ಸ್ಟೋನ್ ಮಾರ್ಗದ ರೈಲು ಊರಿಗೇ ಬರುತ್ತದೆ. ವಾರಾಂತ್ಯದಲ್ಲಿ ಗಾಡಿ ಕಡಿಮೆ, ವೇಳಾಪಟ್ಟಿ ನೋಡಿಕೊಂಡೇ ಹೊರಡಿ. ಚರ್ಚಿನ ಅಂಗಳ, ಅಂಗಡಿ ಬೀದಿ ನಡೆದೇ ನೋಡಬಹುದು. ಅಪ್ಪ ಅಮ್ಮನನ್ನೂ ಕರೆದುಕೊಂಡು ಹೋಗಿ. ಕಾರಿದ್ದರೆ ಲಾರ್ಡ್ ಸ್ಟರ್ಲಿಂಗ್ ಪಾರ್ಕಿನಲ್ಲಿ ಜೌಗಿನ ಮೇಲೆ ಹಾಸಿದ ಮರದ ಹಲಗೆ ದಾರಿಯಿದೆ. ಬೇಸಿಗೆಯ ಸೆಖೆ ಥೇಟ್ ಮಂಗಳೂರು, ಸೊಳ್ಳೆ, ಉಣ್ಣೆ ಕಾಟ ಬೇರೆ. ಪೂರ್ತಿ ಪ್ಯಾಂಟ್ ಹಾಕಿಕೊಳ್ಳಿ.

ಇನ್ನೊಂದು ಮಾತು. ನಾವಿರುವ ಟೌನ್‌ಶಿಪ್‌ನ ಪ್ಲಾನಿಂಗ್ ಬೋರ್ಡ್ ಸಭೆಗೆ ಹೋಗಿ ಕೂರಲು ಓಟಿನ ಹಕ್ಕು ಬೇಕಿಲ್ಲ, ಸ್ವಂತ ಮನೆಯೂ ಬೇಕಿಲ್ಲ. ಸಾರ್ವಜನಿಕರ ಸರದಿ ಬಂದಾಗ ಎದ್ದು, "ನಮ್ಮ ರಸ್ತೆಗೊಂದು ಫುಟ್‌ಪಾತ್ ಬೇಕು" ಅಂತ ಕೇಳಿ ನೋಡಿ. ಕೇಳಿದ ಕೂಡಲೇ ಸಿಗದೇ ಇರಬಹುದು, ಆದರೆ ಕೇಳದೇ ಇದ್ದರೆ ನಕ್ಷೆಯಲ್ಲಿ ನಾವು ಇರೋದೇ ಇಲ್ಲ.