ನೂರ ಐವತ್ತೆರಡು ರೂಪಾಯಿ

ಹದಿನೈದು ವರ್ಷಗಳಿಂದ ನಾನು ಕನ್ನಡ ಮಾಧ್ಯಮದ ಶಾಲೆಯೊಂದರಲ್ಲಿ ಗಣಿತ ಕಲಿಸುತ್ತಿದ್ದೇನೆ. ಅಸಲು, ದರ, ಅವಧಿ ಈ ಮೂರನ್ನೂ ಗುಣಿಸಿ ನೂರರಿಂದ ಭಾಗಿಸಿದರೆ ಬಡ್ಡಿ ಸಿಗುತ್ತದೆಂದು ಕರಿಹಲಗೆಯ ಮೇಲೆ ಎಷ್ಟು ಸಲ ಬರೆದಿದ್ದೇನೋ ಲೆಕ್ಕವಿಲ್ಲ. ಆ ಸೂತ್ರದ ಮೂರನೆಯ ಪದದ ಅರ್ಥ ನನಗೆ ತಿಳಿದದ್ದು 2023ರ ಮೇ ತಿಂಗಳಲ್ಲಿ, ಬೇಸಗೆ ರಜೆಯ ಒಂದು ಮಧ್ಯಾಹ್ನ. ಯಜಮಾನರ ಅಂಗಡಿಯ ಲೆಕ್ಕಪತ್ರಕ್ಕೆ ಬೇಕೆಂದು ಮನೆಸಾಲದ ಪಟ್ಟಿಯನ್ನು ಬ್ಯಾಂಕಿನಿಂದ ತಂದಿದ್ದೆವು. ಎಪ್ರಿಲ್ ತಿಂಗಳ ಸಾಲಿನಲ್ಲಿ ಹೀಗಿತ್ತು: ಕಂತು 15,506 ರೂಪಾಯಿ, ಅದರಲ್ಲಿ ಬಡ್ಡಿಗೆ 15,354, ಅಸಲಿಗೆ 152.

ಮುದ್ರಣದ ತಪ್ಪಿರಬೇಕೆಂದುಕೊಂಡೆ. ಪೆನ್ಸಿಲ್ ಹಿಡಿದು ಗುಣಿಸಿ ನೋಡಿದೆ. ತಪ್ಪಿರಲಿಲ್ಲ.

ಕುಂಬಳೆಯ ಸಮೀಪ ಎಂಟು ಸೆಂಟ್ಸ್ ಜಾಗದಲ್ಲಿ ಕೆಂಪುಕಲ್ಲಿನ ಮನೆ ಕಟ್ಟಿದ್ದು 2021ರಲ್ಲಿ. ಸಾಲ 20 ಲಕ್ಷ, ಬಡ್ಡಿ ಶೇಕಡಾ 7, ಅವಧಿ 20 ವರ್ಷ. ಅಷ್ಟು ಕಡಿಮೆ ಬಡ್ಡಿ ಇನ್ನೆಂದೂ ಸಿಗಲಾರದೆಂದು ಎಲ್ಲರೂ ಹೇಳುತ್ತಿದ್ದ ಕಾಲ ಅದು. ಆ ಮಾತೇನೋ ನಿಜವಾಯಿತು. ಗ್ರಾಮ ಕಚೇರಿಯಿಂದ ಕೈವಶ ಸರ್ಟಿಫಿಕೇಟು, ಭೂತೆರಿಗೆಯ ರಶೀದಿ, ಋಣಭಾರದ ಪತ್ರ ಎಂದು ಒಂದೂವರೆ ತಿಂಗಳು ಅಲೆದಿದ್ದೆವು. ಕಾಗದ ಹೊಂದಿಸುವುದರಲ್ಲಿ ತೋರಿದ ಶ್ರದ್ಧೆಯ ಹತ್ತರಲ್ಲೊಂದು ಪಾಲನ್ನು ಕಾಗದ ಓದುವುದರಲ್ಲಿ ತೋರಿದ್ದರೆ ಈ ಲೇಖನ ಬರೆಯುವ ಪ್ರಮೇಯವೇ ಬರುತ್ತಿರಲಿಲ್ಲ.

ಸಹಿ ಹಾಕಿದ ದಿನ ಜಾಮೀನುದಾರರಾಗಿ ಅಪ್ಪನೂ ಬಂದಿದ್ದರು. ಪೆರ್ಲದ ಕಡೆಯ ಸಣ್ಣ ಅಡಿಕೆ ಕೃಷಿಕ. ಓದು ಬರಹ ಕನ್ನಡದಲ್ಲಿ ಮಾತ್ರ. ನಲವತ್ತಕ್ಕೂ ಹೆಚ್ಚು ಪುಟಗಳ ಆ ಕಟ್ಟು ಇಂಗ್ಲಿಷಿನಲ್ಲಿತ್ತು, ಒಂದೆರಡು ಹಾಳೆ ಮಲಯಾಳದಲ್ಲಿ. ಅಪ್ಪ ಪೆನ್ನು ಕೈಯಲ್ಲಿ ಹಿಡಿದು, “ಇದರಲ್ಲಿ ಎಂತ ಬರೆದದ್ದು ಮಗಳೇ?” ಎಂದು ಕೇಳಿದರು. “ಎಲ್ಲ ಸರಿ ಉಂಟಪ್ಪ” ಎಂದೆ. ನಾನು ಒಂದು ಪುಟವನ್ನೂ ಓದಿರಲಿಲ್ಲ. ನಮ್ಮ ಭಾಷೆಯಲ್ಲಿ ಇರಲಿಲ್ಲ, ಆದ್ದರಿಂದ ಓದಲಿಲ್ಲವೆಂದರೆ ಅದು ಅರ್ಧ ಸುಳ್ಳು. ಇಂಗ್ಲಿಷನ್ನಾಗಲಿ ಮಲಯಾಳವನ್ನಾಗಲಿ ಅಕ್ಷರ ಕೂಡಿಸಿ ಓದುವಷ್ಟು ನಾನು ಬಲ್ಲೆ. ಆದರೆ ಕಾಸರಗೋಡಿನ ಕನ್ನಡಿಗರಾದ ನಮಗೆ, ಅರ್ಥವಾಗದ ಕಾಗದಕ್ಕೆ ಸಹಿ ಹಾಕುವುದು ಒಂದು ಅಭ್ಯಾಸವಾಗಿಬಿಟ್ಟಿದೆ. ಕೇಳಿದರೆ ಎದುರಿನವರಿಗೆ ತೊಂದರೆ, ನಮಗೆ ಸಣ್ಣತನ ಎಂಬ ಭಾವನೆ. ಅದು ಅಪ್ಪನಿಗೆ ಇರಲಿಲ್ಲ, ಅವರು ಕೇಳಿದ್ದರು. ಉತ್ತರ ಹೇಳಬೇಕಾದವಳು ಸುಳ್ಳು ಹೇಳಿದೆ.

ಅಂದು ನಾನು ತಿಳಿದಿದ್ದ ಲೆಕ್ಕ ಒಂದೇ: ತಿಂಗಳಿಗೆ 15,506. ನನ್ನ ಸಂಬಳದಲ್ಲಿ ನಿಭಾಯಿಸಬಹುದು. ಆ ಸಂಖ್ಯೆಯನ್ನು 240 ತಿಂಗಳುಗಳಿಂದ ಗುಣಿಸಿದರೆ 37 ಲಕ್ಷ 21 ಸಾವಿರ ಆಗುತ್ತದೆ, ಅಂದರೆ 20 ಲಕ್ಷದ ಮನೆಗೆ 17 ಲಕ್ಷಕ್ಕೂ ಮಿಕ್ಕಿ ಬಡ್ಡಿ ತೆರುತ್ತೇವೆ ಎಂಬುದನ್ನು ಲೆಕ್ಕ ಹಾಕಲು ಗಣಿತದ ಶಿಕ್ಷಕಿಯೇ ಆಗಬೇಕಾಗಿರಲಿಲ್ಲ. ನಾನು ಹಾಕಲಿಲ್ಲ. ಆ 20 ಲಕ್ಷದಲ್ಲಿಯೂ 60,000 ರೂಪಾಯಿ ನಮ್ಮ ಕೈಗೆ ಬರಲೇ ಇಲ್ಲ. ಸಾಲಗಾರರು ತೀರಿಕೊಂಡರೆ ಸಾಲ ತೀರಿಸುವ ವಿಮೆಯ ಕಂತೆಂದು ಅದನ್ನು ಸಾಲಕ್ಕೇ ಸೇರಿಸಿದ್ದರು. ವಿಮೆ ಬೇಡವೆನ್ನುವವಳು ನಾನಲ್ಲ; ಆದರೆ ಸಾಲದೊಳಗೆ ಸೇರಿದ ಆ 60,000ಕ್ಕೂ ಇಪ್ಪತ್ತು ವರ್ಷ ಬಡ್ಡಿ ಓಡುತ್ತದೆ. ಶೇಕಡಾ 7ರ ದರದಲ್ಲಿಯೇ ಅದು 1,11,000 ರೂಪಾಯಿ ದಾಟುತ್ತದೆ. ಬೇರೆ ಕಡೆಯಿಂದ ಹಣ ಹೊಂದಿಸಿ ವಿಮೆಯನ್ನು ಪ್ರತ್ಯೇಕವಾಗಿ ಕಟ್ಟಬಹುದಿತ್ತು.

ಕಂತಿನ ಒಳಗುಟ್ಟು ಬಹಳ ಸರಳ. ಪ್ರತಿ ತಿಂಗಳೂ ಬಾಕಿ ಇರುವ ಅಸಲಿನ ಮೇಲೆ ಆ ತಿಂಗಳ ಬಡ್ಡಿಯನ್ನು ಮೊದಲು ಮುರಿದುಕೊಳ್ಳುತ್ತಾರೆ. ಮಿಕ್ಕದ್ದು ಮಾತ್ರ ಅಸಲಿಗೆ. ಆರಂಭದಲ್ಲಿ ಅಸಲು ದೊಡ್ಡದು, ಆದ್ದರಿಂದ ಬಡ್ಡಿಯೂ ದೊಡ್ಡದು. ನಮ್ಮ ಮೊದಲ ಕಂತಿನಲ್ಲಿ 11,667 ರೂಪಾಯಿ ಬಡ್ಡಿಗೆ ಹೋಗಿ ಅಸಲಿಗೆ ಸಂದದ್ದು 3,839. ಮೊದಲ ವರ್ಷವಿಡೀ ಕಟ್ಟಿದ 1,86,072 ರೂಪಾಯಿಯಲ್ಲಿ ಸಾಲ ಕರಗಿದ್ದು 47,600ರಷ್ಟು. ಅಷ್ಟಾದರೂ ಕರಗುತ್ತಿತ್ತಲ್ಲ.

ಆಮೇಲೆ ದರ ಏರಿತು. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಕೊಡುವ ಹೊಸ ಚರ ಬಡ್ಡಿಯ ಮನೆಸಾಲಗಳನ್ನು ರೆಪೊ ದರದಂತಹ ಹೊರಗಿನ ಮಾನದಂಡಕ್ಕೆ ಜೋಡಿಸಬೇಕೆಂದು ರಿಸರ್ವ್ ಬ್ಯಾಂಕಿನ ನಿಯಮ. ಬ್ಯಾಂಕುಗಳಿಗೆ ರಿಸರ್ವ್ ಬ್ಯಾಂಕ್ ಸಾಲ ಕೊಡುವ ದರವೇ ರೆಪೊ. 2020ರ ಮೇ ತಿಂಗಳಿಂದ ಶೇಕಡಾ 4ರಲ್ಲಿ ನಿಂತಿದ್ದ ಅದು 2022ರ ಮೇ ತಿಂಗಳಲ್ಲಿ ಏರತೊಡಗಿ 2023ರ ಫೆಬ್ರವರಿಯಲ್ಲಿ 6.5ಕ್ಕೆ ಮುಟ್ಟಿತು. ನಮ್ಮ ಬಡ್ಡಿ 7ರಿಂದ 9.5 ಆಯಿತು. ಪತ್ರಿಕೆಯಲ್ಲಿ ಈ ಸುದ್ದಿಯನ್ನು ನಾನು ಓದಿದ್ದೆ. ಆದರೆ ಕಂತು ಒಂದು ರೂಪಾಯಿಯೂ ಹೆಚ್ಚಾಗಲಿಲ್ಲ. ನಮ್ಮ ಸಾಲಕ್ಕೆ ಇದು ತಾಗಲಿಲ್ಲವೆಂದು ಯಜಮಾನರೊಡನೆ ಹೇಳಿ ಸಂತೋಷಪಟ್ಟದ್ದೂ ನೆನಪಿದೆ.

ತಾಗಿದ್ದು ಅವಧಿಗೆ. ಕಂತನ್ನು ಹಾಗೆಯೇ ಇಟ್ಟು ತಿಂಗಳುಗಳನ್ನು ಎಳೆದಿದ್ದರು. ಪಟ್ಟಿಯ ಕೊನೆಯಲ್ಲಿ, ಉಳಿದ ಕಂತುಗಳ ಸಂಖ್ಯೆ 587 ಎಂದಿತ್ತು. ಇಪ್ಪತ್ತೊಂದು ಕಂತು ಕಟ್ಟಿದ ಮೇಲೆ 219 ಉಳಿಯಬೇಕಾಗಿತ್ತು. 587 ತಿಂಗಳೆಂದರೆ 49 ವರ್ಷಕ್ಕೆ ಒಂದು ತಿಂಗಳು ಕಡಿಮೆ. ನನಗಾಗ ನಲವತ್ತು. ಎಂಬತ್ತೊಂಬತ್ತನೆಯ ವಯಸ್ಸಿನಲ್ಲಿ ಕೋಲೂರಿಕೊಂಡು ಹೋಗಿ ಜಾಗದ ಮೂಲಪತ್ರ ಬಿಡಿಸಿಕೊಳ್ಳುವ ನನ್ನ ಚಿತ್ರ ಕಣ್ಣಮುಂದೆ ಬಂತು, ನಗು ಬರಲಿಲ್ಲ.

ದರ ಎರಡೂವರೆ ಏರಿದರೆ ಅವಧಿ ಇಷ್ಟೊಂದು ಹಿಗ್ಗುವುದು ಹೇಗೆ? ತೋಟವಿರುವವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಸುರಂಗದ ನೀರು ದಿನವಿಡೀ ಕೆರೆಗೆ ಬೀಳುತ್ತಿದ್ದರೂ ಕಟ್ಟೆಯಲ್ಲಿ ಏಡಿ ಮಾಟೆ ಬಿದ್ದು ಹೆಚ್ಚುಕಡಿಮೆ ಅಷ್ಟೇ ನೀರು ಸೋರಿಹೋದರೆ ಕೆರೆ ತುಂಬುವುದು ಯಾವಾಗ? ಬರುವ ನೀರೂ ಹೋಗುವ ನೀರೂ ಸರಿಸಮಕ್ಕೆ ಬಂದಷ್ಟೂ ದಿನಗಳು ಲೆಕ್ಕ ಮೀರುತ್ತವೆ. ನಮ್ಮ ಕೆರೆಗೆ ತಿಂಗಳಿಗೆ ನಿಲ್ಲುತ್ತಿದ್ದದ್ದು 152 ರೂಪಾಯಿ. ದರ ಇನ್ನೊಂದು ಕಾಲು ಏರಿದ್ದರೆ ಕಂತು ಕಟ್ಟುತ್ತಲೇ ಸಾಲ ಬೆಳೆಯುತ್ತಿತ್ತು.

ಇನ್ನೂ ಒಂದು ಲೆಕ್ಕವನ್ನು ಅಂದು ರಾತ್ರಿ ಮಾಡಿದೆ. ದರ ಹೀಗೆಯೇ ಇದ್ದರೆ 15,506ರಂತೆ ನಾವು ಮುಂದೆ ಕಟ್ಟಬೇಕಾದದ್ದು ಸುಮಾರು 91 ಲಕ್ಷ. ಮೊದಲಿನ ಹಾಗೆ 219 ತಿಂಗಳಲ್ಲಿಯೇ ಮುಗಿಸಬೇಕಾದರೆ ಕಂತು 18,675 ಆಗಬೇಕು. ಒಟ್ಟು ಸುಮಾರು 41 ಲಕ್ಷ. ತಿಂಗಳಿಗೆ 3,169 ರೂಪಾಯಿಯ ವ್ಯತ್ಯಾಸ ಕೊನೆಯಲ್ಲಿ 50 ಲಕ್ಷ ಆಗುತ್ತದೆ. ಯಜಮಾನರಿಗೆ ತೋರಿಸಿದೆ. ಅವರು ಕಾಗದವನ್ನು ತಿರುಗಿಸಿ ಹಿಂದೆಯೂ ನೋಡಿದರು, ಅಲ್ಲೇನಾದರೂ ಸಮಾಧಾನ ಬರೆದಿದೆಯೋ ಎಂಬಂತೆ.

ಬ್ಯಾಂಕಿನಲ್ಲಿ ಕೇಳಿದಾಗ ಸಿಕ್ಕ ಉತ್ತರ, ಗಣಕಯಂತ್ರ ತಾನಾಗಿ ಅವಧಿಯನ್ನು ಹೊಂದಿಸುತ್ತದೆ ಎಂದು. “ಟೀಚರೇ, ಕಂತು ಏರಿಸಿದರೆ ಎಲ್ಲರೂ ಬಂದು ಜಗಳ ಮಾಡುತ್ತಾರೆ, ಅವಧಿ ಏರಿಸಿದರೆ ಯಾರೂ ಬರುವುದಿಲ್ಲ” ಎಂದ ಮೇಜಿನಾಚೆಯ ಹುಡುಗ. ಅವನ ಮೇಲೆ ನನಗೆ ಸಿಟ್ಟಿಲ್ಲ. ನಿಜ ಹೇಳಿದವನು ಅವನೊಬ್ಬನೇ. ಬಡ್ಡಿ ಹೆಚ್ಚಾದಷ್ಟೂ ಆದಾಯ ತೆರಿಗೆಯಲ್ಲಿ ವಿನಾಯಿತಿ ಸಿಗುತ್ತದಲ್ಲ ಎಂದು ಇನ್ನೊಬ್ಬರು ಸಮಾಧಾನ ಹೇಳಿದರು. ನೂರು ರೂಪಾಯಿ ಕಳೆದುಕೊಂಡವನಿಗೆ ಐದೋ ಇಪ್ಪತ್ತೋ ಹಿಂದೆ ಸಿಗುವುದನ್ನು ಲಾಭವೆನ್ನುವ ಈ ತರ್ಕ ವಿದ್ಯಾವಂತರ ನಡುವೆ ಇಷ್ಟು ಜನಪ್ರಿಯವಾದದ್ದು ಹೇಗೋ ತಿಳಿಯದು.

ವಿಷಯವನ್ನು ಅಪ್ಪನಿಗೆ ಹೇಳದೆ ಇರುವಂತಿರಲಿಲ್ಲ. ಅವರ ಸಹಿಯೂ ಅಲ್ಲಿದೆ. ಹಳೆಮನೆಗೆ ಹೋಗಿ ಚಾವಡಿಯಲ್ಲಿ ಕುಳಿತು ಎಲ್ಲವನ್ನೂ ಕನ್ನಡದಲ್ಲಿ ಬರೆದು ತೋರಿಸಿದೆ. ಎರಡು ವರ್ಷ ತಡವಾಗಿ ಅವರ ಪ್ರಶ್ನೆಗೆ ಉತ್ತರ ಕೊಟ್ಟಂತಾಯಿತು. ಅವರು ಬೈಯಲಿಲ್ಲ. “ಅಸಲಿಗೆ ನೂರೈವತ್ತೆರಡು” ಎಂದು ಒಮ್ಮೆ ಹೇಳಿದರು. ಸ್ವಲ್ಪ ಹೊತ್ತಿನ ಮೇಲೆ, “ಈಗಲೇ ಒಂದಷ್ಟು ಒಟ್ಟಿಗೆ ಕಟ್ಟಿದರೆ ದಂಡ ಹಾಕುತ್ತಾರಾ?” ಎಂದು ಕೇಳಿದರು. ಇಲ್ಲ. ವ್ಯಕ್ತಿಗಳು ಪಡೆದ ಚರ ಬಡ್ಡಿಯ ಮನೆಸಾಲಕ್ಕೆ ಅವಧಿಗೆ ಮುನ್ನ ಕಟ್ಟಿದರೆ ಬ್ಯಾಂಕುಗಳು ದಂಡ ಹಾಕಬಾರದೆಂದು 2012ರಲ್ಲಿಯೇ ರಿಸರ್ವ್ ಬ್ಯಾಂಕ್ ಹೇಳಿದೆ.

ಮರುವಾರ ಅಟ್ಟದ ಮೇಲಿದ್ದ ಹಳೆ ಅಡಿಕೆಯ ಗೋಣಿಗಳು ಕೆಳಗಿಳಿದವು. ನಮ್ಮ ಕಡೆ ಅಟ್ಟದ ಅಡಿಕೆಯೇ ಬ್ಯಾಂಕು. ಸುಲಿದ ಚಾಲಿಯನ್ನು ವರ್ಷ ಎರಡು ವರ್ಷ ಕಾಯ್ದು, ಧಾರಣೆ ನೋಡಿ ಕೊಡುವುದು ರೂಢಿ. ಆ ಗೋಣಿಗಳನ್ನು ಅಪ್ಪ ಯಾವುದಕ್ಕೆ ಇಟ್ಟಿದ್ದರೆಂದು ನನಗೆ ಗೊತ್ತಿತ್ತು. ಹಳೆಮನೆಯ ಮಾಡಿನ ಪಕ್ಕಾಸುಗಳಿಗೆ ಗೆದ್ದಲು ಹಿಡಿದಿತ್ತು. ಮಳೆಗಾಲಕ್ಕೆ ಮೊದಲು ಬಡಗಿಯನ್ನು ಕರೆಸುವುದೆಂದು ಮಾತಾಗಿತ್ತು. ಬೇಡವೆಂದೆ. ಅಮ್ಮನಿಂದಲೂ ಹೇಳಿಸಿದೆ. “ಮಾಡು ಒಂದು ವರ್ಷ ಕಾಯುತ್ತದೆ, ಬಡ್ಡಿ ಕಾಯುವುದಿಲ್ಲ” ಎಂದರು. ಆ ದುಡ್ಡು ಒಂದು ಲಕ್ಷ, ಜೂನ್ ಮೊದಲ ವಾರ ನೇರವಾಗಿ ಅಸಲಿಗೆ ಜಮೆಯಾಯಿತು. ಅದೇ ತಿಂಗಳಿಂದ ಕಂತನ್ನು 18,675ಕ್ಕೆ ಏರಿಸಲು ಅರ್ಜಿ ಬರೆದುಕೊಟ್ಟೆವು. ಈ ಕಂತಿನೊಡನೆ ಅಪ್ಪನ ಲಕ್ಷ ಸೇರಿದಾಗ 219 ಇದ್ದದ್ದು 192ರ ಹತ್ತಿರ ಬಂತು. 27 ಕಂತುಗಳು ಉಳಿದವೆಂದರೆ ಐದು ಲಕ್ಷಕ್ಕೂ ಮಿಕ್ಕಿದ ಹಣ ಉಳಿಯಿತು. ಆರಂಭದ ವರ್ಷಗಳಲ್ಲಿ ಕಟ್ಟಿದ ಒಂದು ರೂಪಾಯಿಗೆ ಇರುವ ಬಲ ಕೊನೆಯ ವರ್ಷಗಳ ರೂಪಾಯಿಗೆ ಇಲ್ಲ. ಸಾಲವಿರುವ ಓದುಗರು ಇದೊಂದನ್ನು ತಮ್ಮ ಪಟ್ಟಿ ಹಿಡಿದು ಲೆಕ್ಕ ಹಾಕಿ ನೋಡಬೇಕೆಂದು ನನ್ನ ಬಿನ್ನಹ.

ನಾವು ಅರ್ಜಿ ಕೊಟ್ಟ ಎರಡು ತಿಂಗಳಿಗೆ, 2023ರ ಆಗಸ್ಟ್ 18ರಂದು, ರಿಸರ್ವ್ ಬ್ಯಾಂಕಿನ ಸುತ್ತೋಲೆಯೊಂದು ಬಂತು. ದರ ಬದಲಾದಾಗ ಕಂತು ಏರಿಸುವುದೋ ಅವಧಿ ಏರಿಸುವುದೋ ಎಂದು ಸಾಲಗಾರನನ್ನು ಕೇಳಬೇಕು, ಸ್ಥಿರ ಬಡ್ಡಿಗೆ ಬದಲಾಯಿಸಿಕೊಳ್ಳುವ ಆಯ್ಕೆ ಕೊಡಬೇಕು, ಕಂತು ಕಟ್ಟಿಯೂ ಸಾಲ ಬೆಳೆಯುವ ಸ್ಥಿತಿ ಬರಬಾರದು, ಮೂರು ತಿಂಗಳಿಗೊಮ್ಮೆ ಅಸಲಿಗೆಷ್ಟು ಬಡ್ಡಿಗೆಷ್ಟು ಉಳಿದ ಕಂತೆಷ್ಟು ಎಂಬ ಪಟ್ಟಿ ಕೊಡಬೇಕು ಎಂದು ಅದರಲ್ಲಿತ್ತು. ನಮ್ಮಂತಹವರು ಬಹಳ ಮಂದಿ ಇದ್ದಿರಬೇಕು. 2024ರ ಅಕ್ಟೋಬರ್ 1ರಿಂದ ಮಂಜೂರಾಗುವ ಹೊಸ ಸಾಲಗಳಿಗೆ ಇನ್ನೊಂದು ನಿಯಮವಿದೆ: ವಿಮೆ, ಶುಲ್ಕ ಎಲ್ಲ ಸೇರಿ ಸಾಲದ ವಾರ್ಷಿಕ ವೆಚ್ಚ ಶೇಕಡಾ ಎಷ್ಟೆಂದು ತೋರಿಸುವ ಮುಖ್ಯಾಂಶಗಳ ಪತ್ರವನ್ನು ಸಾಲಗಾರನಿಗೆ ತಿಳಿಯುವ ಭಾಷೆಯಲ್ಲಿ ಕೊಡಬೇಕು, ವಿವರಿಸಿ ಹೇಳಬೇಕು, ತಿಳಿಯಿತೆಂದು ಬರೆಯಿಸಿಕೊಳ್ಳಬೇಕು. ನಮ್ಮ ಶಾಲೆಯ ಕಿರಿಯ ಸಹೋದ್ಯೋಗಿಯೊಬ್ಬರು ಈಚೆಗೆ ಸಾಲಕ್ಕೆ ಹೋದಾಗ ಅದನ್ನು ಕನ್ನಡದಲ್ಲಿ ಕೇಳಿ ಎಂದೆ. ಕೇಳಿದರಂತೆ. ಇದುವರೆಗೆ ಯಾರೂ ಕೇಳಿರಲಿಲ್ಲವೆಂದು ಹೇಳಿ, ಹತ್ತು ದಿನ ಕಾಯಿಸಿ, ಕೊಟ್ಟರಂತೆ.

ಕಳೆದ ಆಟಿಯಲ್ಲಿ, 2025ರ ಜುಲೈ ಕೊನೆಗೆ, ಹೊಸ ಪಟ್ಟಿ ಹಿಡಿದುಕೊಂಡು ಹಳೆಮನೆಗೆ ಹೋಗಿದ್ದೆ. ರೆಪೊ ದರ ಆ ವರ್ಷ ಶೇಕಡಾ ಒಂದರಷ್ಟು ಇಳಿದು ನಮ್ಮ ಬಡ್ಡಿ 8.5ಕ್ಕೆ ಬಂದಿತ್ತು, ಕಂತು ಇಳಿಸುವುದು ಬೇಡವೆಂದು ಹೇಳಿದ್ದೆವು. ನಾಲ್ಕು ವರ್ಷಗಳಲ್ಲಿ ಅಪ್ಪನ ಲಕ್ಷವೂ ಸೇರಿ ಕಟ್ಟಿದ್ದು 9,42,188 ರೂಪಾಯಿ. ಸಾಲ ಕರಗಿದ್ದು 2 ಲಕ್ಷ 81 ಸಾವಿರ. ಇನ್ನು ನೂರೈವತ್ತು ಕಂತು. ಹೊರಗೆ ಧೋ ಎಂದು ಮಳೆ. ಮಾಡಿನ ರಿಪೇರಿ ಆಗಿರಲಿಲ್ಲ. ಆ ವರ್ಷ ಕೊಳೆರೋಗ, ಮರುವರ್ಷ ಅಮ್ಮನ ಕಣ್ಣಿನ ಆಪರೇಶನ್. ಚಾವಡಿಯಲ್ಲಿ ಎರಡು ಕಡೆ ಪಾತ್ರೆ ಇಟ್ಟಿದ್ದರು. ಟಪ್ ಟಪ್ ಎಂದು ಹನಿ ಬೀಳುತ್ತಿತ್ತು.

ಅಪ್ಪ ಕನ್ನಡಕ ಏರಿಸಿ ಪಟ್ಟಿ ತೆಗೆದುಕೊಂಡರು. ಇಂಗ್ಲಿಷ್ ಅಕ್ಷರಗಳ ನಡುವೆ ಅಂಕೆಗಳನ್ನು ಮಾತ್ರ ಹುಡುಕಿ ಬೆರಳಿಟ್ಟು, “ಈ ತಿಂಗಳು ಅಸಲಿಗೆ ಇದಲ್ಲವಾ?” ಎಂದರು.

“ಹೌದಪ್ಪ. 6,457.”

“ಹ್ಞಾಂ” ಎಂದರು. ಪಟ್ಟಿಯನ್ನು ಮಡಚಿ ನನ್ನ ಕೈಗೆ ಕೊಟ್ಟು, ತುಂಬುತ್ತಾ ಬಂದಿದ್ದ ಪಾತ್ರೆಯನ್ನು ಅಂಗಳಕ್ಕೆ ಚೆಲ್ಲಲು ಎದ್ದರು.