ನೆಪಗಳು ಬೇಕು

ಅರಸೀಕೆರೆಯ ಬೀದಿಗಳಲ್ಲಿ ಹೆಪ್ಪು ಮುಗಿದರೆ ಯಾರೂ ಅಂಗಡಿಗೆ ಓಡುತ್ತಿರಲಿಲ್ಲ. “ಅಕ್ಕಾ, ಒಂಚೂರು ಹೆಪ್ಪಿದ್ರೆ ಕೊಡಿ” ಎಂದು ಲೋಟ ಹಿಡಿದು ಹೋದವರು ಜಗುಲಿಯ ಮೇಲೆ ಅರ್ಧ ಗಂಟೆ ಕೂತೇ ಬರುತ್ತಿದ್ದರು. ಅಷ್ಟರಲ್ಲಿ ಯಾರ ಮನೆಯಲ್ಲಿ ಜ್ವರ, ಯಾರ ಮಗಳು ಬಾಣಂತನಕ್ಕೆ ಬಂದಿದ್ದಾಳೆ, ಯಾರ ಅಟ್ಟದ ಕೊಬ್ಬರಿ ಸುಲಿಯಲು ಆಳು ಬೇಕು ಎಲ್ಲವೂ ಗೊತ್ತಾಗುತ್ತಿತ್ತು.

ಆ ಅಕ್ಕಂದಿರಲ್ಲಿ ಎಷ್ಟೋ ಜನ ಈಗ ಬೆಂಗಳೂರಿನಲ್ಲಿ, ಮಗನ ಅಪಾರ್ಟ್‌ಮೆಂಟಿನಲ್ಲಿದ್ದಾರೆ. ಮೊಬೈಲ್ ಒತ್ತಿದರೆ ಮೊಸರಿನ ಪ್ಯಾಕೆಟ್ಟು ಬಾಗಿಲಿಗೇ ಬರುತ್ತದೆ. ಎದುರು ಮನೆಯ ಕದ ತಟ್ಟುವ ಅಗತ್ಯವೇ ಬೀಳುವುದಿಲ್ಲ. ಒಳ್ಳೆಯವರೇನೂ ಕಡಿಮೆಯಾಗಿಲ್ಲ, ನೆಪಗಳು ಕಡಿಮೆಯಾಗಿವೆ.

ಇದು ನಮ್ಮೊಬ್ಬರ ಕೊರಗಲ್ಲ. ವಿಶ್ವ ಆರೋಗ್ಯ ಸಂಸ್ಥೆ 2023ರಲ್ಲಿ ಒಂಟಿತನದ ಬಗ್ಗೆಯೇ ಒಂದು ಆಯೋಗ ರಚಿಸಿತು. ಅದರ ಸಹ ಅಧ್ಯಕ್ಷರಲ್ಲೊಬ್ಬರಾದ ವಿವೇಕ್ ಮೂರ್ತಿಯವರ ಕುಟುಂಬದ ಮೂಲ ಮಂಡ್ಯದ ಹಲ್ಲೆಗೆರೆ. ಜಗತ್ತಿನ ಪ್ರತಿ ಆರು ಜನರಲ್ಲಿ ಒಬ್ಬರನ್ನು ಒಂಟಿತನ ಕಾಡುತ್ತಿದೆ ಎಂದು ಆ ಆಯೋಗದ 2025ರ ವರದಿ ಹೇಳಿತು.

ನೆಪದ ಜೊತೆಗೆ ಜನ ಕೂಡಲು ಜಾಗವೂ ಬೇಕು. ಕಟ್ಟುವವರು ಮನಸ್ಸು ಮಾಡಿದರೆ ಅದೂ ಇರುತ್ತದೆ. ಅರಸೀಕೆರೆಯ ಹೊಯ್ಸಳರ ಶಿವಾಲಯದ ನಕ್ಷತ್ರಾಕಾರದ ಮಂಟಪದಲ್ಲಿ ಕೂರಲು ಸುತ್ತಲೂ ಕಲ್ಲಿನ ಕಕ್ಷಾಸನವಿದೆ. ಹಳೇಬೀಡಿನಲ್ಲಿ ಹೊಯ್ಸಳೇಶ್ವರ, ಶಾಂತಲೇಶ್ವರರಿಗೆ ಬೇರೆ ಬೇರೆ ಗರ್ಭಗುಡಿ, ಬೇರೆ ಬೇರೆ ನಂದಿ. ಆದರೂ ಎರಡು ನವರಂಗಗಳು ನಡುವೆ ಕೂಡಿಕೊಂಡಿವೆ. ನಮ್ಮ ಅಪಾರ್ಟ್‌ಮೆಂಟುಗಳಲ್ಲಿ ಕಾರಿಗೆ ಗೆರೆ ಎಳೆದು ಜಾಗ ಕೊಡುತ್ತೇವೆ, ಲಿಫ್ಟಿನ ಬಳಿ ಇಬ್ಬರು ಕೂರಲು ಒಂದು ಬೆಂಚು ಹಾಕುವುದಿಲ್ಲ.

ಬೇಲೂರಿನಿಂದ ಬಂದ ಅಜ್ಜಿಯೊಬ್ಬರು ನಮ್ಮ ಮಹಡಿಯಲ್ಲಿದ್ದಾರೆ. ಬಂದ ಹೊಸತರಲ್ಲಿ ಬಾಲ್ಕನಿ ಬಿಟ್ಟು ಕದಲುತ್ತಿರಲಿಲ್ಲ. ಒಂದು ಸಂಜೆ ಪಕ್ಕದ ಮನೆಯ ಹುಡುಗಿ, “ಅಜ್ಜೀ, ನಾನು ಆಫೀಸಿಂದ ಬರೋದು ತಡ ಆಗುತ್ತೆ, ಸ್ಕೂಲ್ ಬಸ್ಸಿಂದ ಮಗೂನ ಸ್ವಲ್ಪ ಕರ್ಕೋತೀರಾ?” ಎಂದು ಕೇಳಿದಳು. ಮರುದಿನದಿಂದ ಅಜ್ಜಿ ಬಸ್ಸಿಗೆ ಮೊದಲೇ ಸೀರೆ ಬದಲಿಸಿ, ತಲೆ ಬಾಚಿಕೊಂಡು ಗೇಟಿನಲ್ಲಿರುತ್ತಾರೆ. ಈಗ ವಾಚ್‌ಮನ್‌ನ ಊರು, ಮೂರನೇ ಮಹಡಿಯವರ ಮಂಡಿನೋವು ಎಲ್ಲ ಅವರಿಗೆ ಗೊತ್ತು.

ವಯಸ್ಸಾದವರನ್ನು “ನಿಮಗೇನು ಬೇಕು?” ಎಂದು ವಿಚಾರಿಸುವವರು ಬೇಕಾದಷ್ಟಿದ್ದಾರೆ. “ನಿಮ್ಮಿಂದ ಒಂದು ಸಹಾಯ ಬೇಕಿತ್ತು” ಎನ್ನುವವರು ವಿರಳ. ಕೊಡುವುದರಲ್ಲಿ ಪ್ರೀತಿಯಿದೆ, ಒಪ್ಪುತ್ತೇನೆ. ಕೇಳುವುದರಲ್ಲಿ ಪ್ರೀತಿಯ ಜೊತೆಗೆ ನಂಬಿಕೆಯೂ ಇದೆ. ನೆರೆಯವರ ಹತ್ತಿರ ಏನನ್ನೂ ಕೇಳದೆ ಬದುಕುವುದನ್ನು ಸ್ವಾಭಿಮಾನ ಅಂದುಕೊಂಡಿದ್ದೇವೆ. ಅದರಿಂದ ಅವರಿಗೂ ನಾವು ಬೇಡವಾಗುತ್ತೇವೆ, ನಮಗೂ ಅವರು.